ಹದಿನೇಳನೇ ಕೊಳವೆ

ಭದ್ರಾವತಿಯಲ್ಲಿ ಕಾಗದ ಮಾಡುವುದು ನಿಂತ ಮೇಲೂ
ಕಾರ್ಖಾನೆಯ ಹಿಂದಿನ ಹೊಂಡ ಸಣ್ಣಗೆ ಕುದಿಯುತ್ತಲೇ ಇತ್ತು,
ಗುಳ್ಳೆಗುಳ್ಳೆಯಾಗಿ.
ಸೆಲ್ವರಾಜು ಪ್ಯಾಂಟು ಮಡಚಿ ಇಳಿದ.
ಇಪ್ಪತ್ತೆರಡು ವರ್ಷ ಅಲ್ಲೇ ಬಿದಿರು ಬೇಯಿಸಿದವನು,
ಈಗ ನಮ್ಮ ಲ್ಯಾಬಿನ ಅಟೆಂಡರು.
‘ಮೇಡಂ, ನಮ್ಮ ಪಲ್ಪಿನ ವಾಸನೆಯೇ ಇದು’ ಅಂದ,
ಕಳೆದುಹೋದ ನಾಯಿ ಸಿಕ್ಕಿದವನ ಹಾಗೆ.
ಕಪ್ಪು ಕೆಸರಿನ ಬಾಟಲಿ ಹಿಡಿದು ಶಿವಮೊಗ್ಗದ ಬಸ್ಸು ಹತ್ತಿದೆವು.
ಕಂಡಕ್ಟರು ಮೂಗು ಮುಚ್ಚಿಕೊಂಡೇ ಚಿಲ್ಲರೆ ಕೊಟ್ಟ.

ಫಿಲೋಮಿನಾ ಮೇಡಂ ಇದ್ದಿದ್ದರೆ
ತಟ್ಟೆಯ ಮುಚ್ಚಳ ಒಂದಿಷ್ಟೇ ಓರೆ ಮಾಡಿ
ಮೂಸಿ ಹೇಳುತ್ತಿದ್ದರು ಗೋತ್ರ:
ದ್ರಾಕ್ಷಿಯ ವಾಸನೆಯಾದರೆ ಇಂಥವನು,
ಮೊದಲ ಮಳೆಯದಾದರೆ ಅಂಥವನು.
ನೀವು ಮೂಸಬೇಡಿ ಅಂತ ನಮಗೆ ಬೈಯುತ್ತಲೇ.
ಅವರ ರಿಜಿಸ್ಟರಿನಲ್ಲಿ ಹಸಿರು ಇಂಕಿನ ಜಾತಕಗಳು:
ಬಣ್ಣ ನೇರಳೆ. ಆಕಾರ ಕಡ್ಡಿ.
ಪೆರಾಕ್ಸೈಡು ಹನಿಸಿದರೆ ನೊರೆ. ಹಾಲು ಒಡೆಯುತ್ತದೆ. ಸಕ್ಕರೆ ಒಲ್ಲದು.
ಮೂರನೇ ದಿನ ಅಂಚು ಮುರುಟುತ್ತದೆ, ಸುಟ್ಟ ಹಪ್ಪಳ.
ಕೊನೆಗೊಂದು ಹೆಸರು, ಅದರ ಮುಂದೆ
ಪೆನ್ಸಿಲ್ಲಿನ ಪ್ರಶ್ನಾರ್ಥಕ.

ಆ ಪ್ರಶ್ನಾರ್ಥಕಗಳನ್ನು ಅಳಿಸುವುದೇ ನನ್ನ ಕೆಲಸ ಅಂದುಕೊಂಡಿದ್ದೆ.

ಹದಿನೇಳನೇ ಕೊಳವೆಯಲ್ಲಿ ಬೆಳೆದದ್ದು ಕೆನೆಬಣ್ಣದ್ದು.
ಫಿಲ್ಟರ್ ಕಾಗದ ಕೊಟ್ಟರೆ
ಸದ್ದಿಲ್ಲದೆ ತಿಂದು ತೂತು ಮಾಡುವಂಥದ್ದು.
ಮೊದಲು ಒಂದೇ ಒಂದು ಜೀನನ್ನು ಕೇಳಿದೆ,
ಬ್ಯಾಕ್ಟೀರಿಯಾಗಳೆಲ್ಲ ಹೊತ್ತು ತಿರುಗುವ ಹಳೆಯ ಜೀನು.
ನೂರಕ್ಕೆ ತೊಂಬತ್ತೊಂಬತ್ತು, ಅಂದಿತು,
ಜರ್ಮನಿಯ ಗೊಬ್ಬರದಗುಂಡಿಯಲ್ಲಿ ಯಾವತ್ತೋ ಸಿಕ್ಕವನೇ ಇವನು.
ಅಲ್ಲಿಗೆ ಮುಗಿಯಿತಲ್ಲ, ಚಹಾ ಕುಡಿಯೋಣ ಅಂದರು ಎಲ್ಲರೂ.

ನನಗ್ಯಾಕೋ ಸಮಾಧಾನವಾಗಲಿಲ್ಲ.
ಮೂಗು ಒಂದೇ ಥರ ಇದ್ದರೆ ಮನೆಯೂ ಒಂದೇ ಆಗಬೇಕೆ?
ಇಡೀ ಜೀನೋಮನ್ನೇ ಓದಿಸಿದೆ.
ನಲವತ್ತೊಂಬತ್ತು ಅಕ್ಷರ ತಿದ್ದಿದ ಕೈ ನಮ್ಮದು,
ಇದಕ್ಕೆ ನಾಲ್ಕೇ.
ಒತ್ತಕ್ಷರವಿಲ್ಲ, ಉಸಿರೆಳೆಯಲು ಚುಕ್ಕಿಯಿಲ್ಲ,
ನಲವತ್ತೆರಡು ಲಕ್ಷ ಅಕ್ಷರ, ಒಂದೇ ಸಾಲು.
ಜರ್ಮನಿಯವನ ಸಾಲಿನ ಪಕ್ಕ ಇಟ್ಟುಕೊಂಡು
ರಾತ್ರಿಯೆಲ್ಲ ತಾಳೆ ನೋಡಿತು ಕಂಪ್ಯೂಟರು.
ಬೆಳಿಗ್ಗೆ: ತೊಂಬತ್ತೊಂದು ಚಿಲ್ಲರೆ.

ತೊಂಬತ್ತೈದರ ಮೇಲಿದ್ದರೆ ಒಂದೇ ಪ್ರಭೇದ,
ಕೆಳಗಿದ್ದರೆ ಬೇರೆ, ಅಂತ ವಿವರಿಸಿದೆ.
‘ಗೆರೆ ಎಳೆದವರು ಯಾರು ಮೇಡಂ?’
ಬೀಕರು ತೊಳೆಯುತ್ತ ಕೇಳಿದ ಸೆಲ್ವರಾಜು.
‘ತೊಂಬತ್ತನಾಲ್ಕೂ ಮುಕ್ಕಾಲು ಬಂದವನ ಗತಿ?’
ಅವನ ಮಗಳು ಎರಡು ಮಾರ್ಕಿಗೆ ಸೀಟು ಕಳಕೊಂಡವಳು.
ನಲ್ಲಿಯ ನೀರು ಮಾತಾಡಲಿ ಅಂತ ಸುಮ್ಮನಿದ್ದೆ.

ಹೊಸಬ ಅಂತೂ ಹೌದು.
ಲ್ಯಾಟಿನ್ನಿನಲ್ಲಿ ಭದ್ರೆಯ ಹೆಸರು ಹೇಗೆ ಬಾಗಿಸುವುದು ಅಂತ
ಹುಡುಕುತ್ತಿದ್ದೆ, ಆಷಾಢದಲ್ಲಿ ಕರೆಂಟು ಹೋಯಿತು.
ಮೂರು ದಿನ. ಡೀಸೆಲ್ಲಿನ ಬಿಲ್ಲು ಯಾರದೋ ಮೇಜಿನ ಮೇಲಿತ್ತು.
ಮೈನಸ್ ಎಂಬತ್ತರ ಪೆಟ್ಟಿಗೆ ಬೆವರಿ, ಆಮೇಲೆ ಸುರಿಯಿತು.
ಹದಿನಾರು ಚಿಗುರಿತು. ಹದಿನೆಂಟೂ.

ಹೆಸರು ಬೇಕಾದರೆ ಜೀವ ಬೇಕು, ಎನ್ನುತ್ತದೆ ನಿಯಮ,
ಎರಡು ದೇಶಗಳ ಭಂಡಾರದಲ್ಲಿ, ಕರೆದಾಗ ಏಳುವ ಜೀವ.
ಅಕ್ಷರವಿದ್ದರೆ ಸಾಕು ಎನ್ನುವವರೂ ಇದ್ದಾರೆ ಈಗ,
ಬೇರೆ ಪುಸ್ತಕ ಹಿಡಿದು.
ನನ್ನ ಹತ್ತಿರ ನಲವತ್ತೆರಡು ಲಕ್ಷ ಅಕ್ಷರವಿದೆ.
ತುತ್ತು ಕಾಗದ ತಿನ್ನಲು ಬಾಯಿಲ್ಲ ಅದಕ್ಕೆ.

ಹೊಂಡಕ್ಕೆ ಹೋದೆವು. ಮಣ್ಣು ತುಂಬಿ
ಮೇಲೆ ಯಾರೋ ವಾಲಿಬಾಲ್ ನೆಟ್ಟು ಕಟ್ಟಿದ್ದರು.
ಮರುದಿನ ಸೆಲ್ವರಾಜು ಪ್ಲಾಸ್ಟಿಕ್ ಕವರಿನಲ್ಲಿ ತಂದ,
ಕ್ವಾರ್ಟರ್ಸಿನ ಮಂಚದಡಿ ಮುಗ್ಗಿದ್ದ ಹಳೆಯ ಹಾಜರಿ ಪುಸ್ತಕ.
‘ಇದಕ್ಕೂ ಹಿಡಿದಿದೆ ನೋಡಿ, ಅದೇ.’
ಅವನ ಸಹಿಗಳ ಮೇಲೆಲ್ಲ ಸಣ್ಣ ತೂತು.

ಒಂದು ಹಾಳೆ ಹರಿದು ಸಾರಿನಲ್ಲಿ ಅದ್ದಿಟ್ಟೆ.
ಇವತ್ತಿಗೆ ಮೂರನೇ ದಿನ.
ಅಂಚು ತೆಳುವಾದ ಹಾಗಿದೆ. ಅಥವಾ ದೀಪ ಓರೆಯಾಗಿದೆ.
ಎಲ್ಲರೂ ಊಟಕ್ಕೆ ಹೋದ ಹೊತ್ತು
ಮುಚ್ಚಳವನ್ನು ಒಂದಿಷ್ಟೇ ಎತ್ತಿ
ಮುಖ ಬಗ್ಗಿಸುತ್ತೇನೆ.
ಬೈಯುವವರು ಯಾರೂ ಇಲ್ಲ.