ಮೂವತ್ತೊಂದನೆಯ ದಿನ

ನೆಬ್ರಾಸ್ಕಾದ ಲಿಂಕನ್, ಮೂರನೇ ಮಹಡಿ, ಹೀಟರಿನ ಗೊರಗೊರ.
ಬೆಳಗಿನ ಟಪಾಲಿನಲ್ಲಿ ಒಡಿಲಿಯಾ ಶೋಲ್:
ಮಾಂಸದ ಕಾರ್ಖಾನೆ, ಎರಡನೇ ಪಾಳಿ,
ಮೂಳೆ ಬಿಡಿಸುವ ಸಾಲು.

ಮೇಲ್ಮನವಿಗೆ ಗಡುವು ಮೂವತ್ತು ದಿನ.
ಕ್ಯಾಲೆಂಡರಿನ ಮೇಲೆ ಬೆರಳಿಟ್ಟು ಎರಡು ಸಲ ಎಣಿಸಿದೆ,
ನಡುವೆ ಒಂದು ರಜೆಯಾದರೂ ಸಿಕ್ಕೀತೇ ಎಂದು.
ಇಲ್ಲ. ಮೂವತ್ತೊಂದು.

ತಡವಾದದ್ದಕ್ಕೆ ಕಾರಣ ಎಂಬ ಖಾನೆಯಲ್ಲಿ
ಅವಳು ಏನೂ ಬರೆದಿಲ್ಲ.
ಆದರೆ ಅಕ್ಷರಗಳು
ಒಂದು ನಿಂತಿದೆ, ಒಂದು ಮಲಗಿದೆ,
ಹೆಸರು ಮುಗಿಯುವಷ್ಟರಲ್ಲಿ ಗೆರೆ ಬಿಟ್ಟು ಅಂಚಿಗೆ ಜಾರಿವೆ;
ಪೆನ್ನು ಒತ್ತಿದ ಕಡೆ ಕಾಗದ ತೂತು.
ವೈದ್ಯರ ವರದಿ ತಿರುವಿದೆ:
ಬಲಗೈ, ನಾಲ್ಕು ಬೆರಳು.

ಎಡಗೈಲಿ ಕೊಡಬಾರದು, ಕೊಟ್ಟರೆ ತಗೋಬಾರದು
ಎಂದು ಗದರುತ್ತಿದ್ದಳು ಅಮ್ಮ, ತಿಪಟೂರಿನಲ್ಲಿ.
ಇಲ್ಲಿಯ ಕಾನೂನು ಗದರುವುದಿಲ್ಲ.

ಒಂದು ಪುಟಕ್ಕೆ ಎಷ್ಟು ರಾತ್ರಿ ಹಿಡಿಯಿತೋ.
ಒಟ್ಟು ಏಳು ಪುಟ.

ಅವಧಿ ಮೀರಿದೆ ಎನ್ನುವ ಠಸ್ಸೆ
ನನ್ನ ಬಲಗಡೆಯೇ ಇರುತ್ತದೆ, ಶಾಯಿ ಆರದ ಹಾಗೆ ಮುಚ್ಚಳ ಹಾಕಿ.
ಎದ್ದು ಹೋಗಿ ಚಹಾ ತಂದೆ.
ಚಹಾ ಮುಗಿಯಿತು.

ಒತ್ತಿದೆ.
ನೇರವಾಗಿ ಬಿತ್ತು,
ಒಂದಕ್ಷರವೂ ವಾಲಲಿಲ್ಲ.