ಕಂಚಿನ ಅಡಿಗಲ್ಲು

ಏಳನೆಯ ಕ್ಲಾಸಿನಲ್ಲಿ ಜೋಕಿಂ ಮಾಷ್ಟ್ರು ಹೇಳಿದ್ದು:
ಆಕಾಶದಿಂದ ಒಂದು ಕಂಚಿನ ಅಡಿಗಲ್ಲು ಬಿಟ್ಟರೆ
ಒಂಬತ್ತು ಹಗಲು ಒಂಬತ್ತು ಇರುಳು ಬಿದ್ದು
ಹತ್ತನೆಯ ದಿನ ನೆಲ.
ನೆಲದಿಂದ ಮತ್ತೆ ಒಂಬತ್ತು, ಮತ್ತೆ ಹತ್ತನೆಯ ದಿನ
ತಾರ್ತರ.
ಗ್ರೀಕರ ಪಾತಾಳಕ್ಕೂ ಒಂದು ಪಾತಾಳ ಉಂಟು ಮಕ್ಕಳೇ,
ಸೋತ ದೇವರುಗಳನ್ನು ಅಲ್ಲಿ ಕಟ್ಟಿ ಹಾಕಿದ್ದಾರೆ.
ಸುತ್ತ ಕಂಚಿನ ಬೇಲಿ,
ಬೇಲಿಯ ಕುತ್ತಿಗೆಗೆ ಮೂರು ಸುತ್ತು ಕತ್ತಲೆ.

ಗಲ್ಲದವರೆಗೆ ನೀರಲ್ಲಿ ನಿಂತೂ
ಬಾಯಾರಿ ಬಾಯಾರಿ ಸಾಯಲಾರದ ಅರಸನ ಕತೆಗೆ
ಇಡೀ ಕ್ಲಾಸು ನಕ್ಕಿತು.
ನಮ್ಮ ಊರಿನ ಹೆಸರೇ ಬಾಯಾರು.

ಚನಿಯಣ್ಣನಿಗೆ ಹೇಳಿದೆ.
ಸುರಂಗ ತೋಡುವವ, ಮೈಯೆಲ್ಲ ಜೇಡಿ,
ಗುಡ್ಡದ ಒಳಗೆ ಐವತ್ತೆಂಟು ಕೋಲು ಹೋಗಿ
ಊಟಕ್ಕೆ ಮಾತ್ರ ಹೊರಗೆ ಬರುವವ.
ಗಂಜಿಯ ನಡುವೆ ಮಾವಿನ ಮಿಡಿ ಕಚ್ಚುತ್ತ ಕೇಳಿದ:
"ಅದೆಲ್ಲ ಇರಲಿ. ಅಡಿಗಲ್ಲು ಯಾರದ್ದು?
ಅದು ಬೀಳುವಷ್ಟು ದಿನ
ಆ ಆಚಾರಿ ಎಂತ ಮಾಡಿದ?"

ಮಾಷ್ಟ್ರಿಗೂ ಗೊತ್ತಿರಲಿಲ್ಲ.

ರಜೆಯಲ್ಲಿ ಅವನ ಹಿಂದೆ ಮಣ್ಣಿನ ಬುಟ್ಟಿ ಎಳೆದೆ.
ತಿರುಗಿ ನೋಡಿದರೆ ಹಗಲು ಒಂದು ಪಾವಲಿಯಷ್ಟು,
ಆಮೇಲೆ ಅದೂ ಇಲ್ಲ.
ಚಿಮಿಣಿ ಕುಗ್ಗಿತು, ನೀಲಿಯಾಯಿತು, ಆರಿತು.
"ಇದಾ ತಾರ್ತರ?" ಎಂದೆ.
ಸ್ವರ ನನ್ನ ಹಲ್ಲಿನ ಹತ್ತಿರವೇ ನಿಂತಿತು.
"ಕೆಳಗೆ ಬಂದದ್ದಲ್ಲ ಮಾರಾಯ, ಒಳಗೆ ಬಂದದ್ದು.
ಕಿವಿ ಇಡು. ಬೇಗ. ಉಸಿರು ಮುಗಿಯುತ್ತದೆ."
ಇಟ್ಟೆ.
ಕಲ್ಲಿನ ಆಚೆ
ಬೆಕ್ಕು ಹಾಲು ನೆಕ್ಕುವಂಥ ಸದ್ದು.

ನಮ್ಮ ಪಾತಾಳದ ಅರಸ ವರ್ಷಕ್ಕೊಮ್ಮೆ ಮೇಲೆ ಬರುತ್ತಾನೆ.
ದೀಪಾವಳಿಗೆ ಹಾಲೆಮರದ ಕಂಬ ನೆಟ್ಟು, ದೀಪ ಇಟ್ಟು
ಕೂ ಎಂದು ಕರೆದರೆ ಸಾಕು,
ಬಲೀಂದ್ರ ಅವಲಕ್ಕಿ ತಿಂದು ಹೋಗುತ್ತಾನೆ.
ಅವರ ದೇವರುಗಳನ್ನು ಯಾರು ಕರೆಯುತ್ತಾರೆ ಮಾಷ್ಟ್ರೇ,
ಎಂದು ಕೇಳಿದ ದಿನ ಅವರು
ಸೀಮೆಸುಣ್ಣದ ಕೈ ನೋಡುತ್ತ ನಿಂತರು,
ಗಂಟೆ ಹೊಡೆಯುವವರೆಗೆ.

ನನಗೆ ನಲವತ್ತು ದಾಟಿದ ವರ್ಷ
ಸುರಂಗದಲ್ಲಿ ಬೆಕ್ಕು ಬರಲಿಲ್ಲ.
ತಿರುಚೆಂಗೋಡಿನ ಲಾರಿ ಬಂತು.
ಮೊದಲು ಕೆಂಪು ಧೂಳು, ಮತ್ತೆ ಬಿಳಿ ಧೂಳು,
ಮತ್ತೆಯೂ ಬಿಳಿ ಧೂಳೇ.
ಏಳುನೂರ ನಲವತ್ತನೆಯ ಅಡಿಗೆ
ಹ್ಯಾಮರ್ ಕಳಚಿ ಒಳಗೆ ಬಿತ್ತು.

ಧಣಿಯ ಬೈಗುಳ ಫೋನಿನಿಂದ ಅಂಗಳಕ್ಕೆಲ್ಲ ಕೇಳಿತು.
ಲಾರಿಯ ಹುಡುಗ ಸೆಂಗೋಡನ್, ಇಪ್ಪತ್ತರ ಪ್ರಾಯ,
ಎಂಟು ತಿಂಗಳ ಸಂಬಳ, ಎಂದು
ಎಂಟು ಬೆರಳು ಎತ್ತಿ ತೋರಿಸಿದ.
ಹಗ್ಗಕ್ಕೆ ಕೊಕ್ಕೆ, ಕೊಕ್ಕೆಗೆ ಅಯಸ್ಕಾಂತ,
ಇಳಿಸಿದ, ಎಳೆದ, ಇಳಿಸಿದ.

ಚನಿಯಣ್ಣ ಕೋಲೂರಿ ಬಂದ. ಎಂಬತ್ತು ಕಳೆದಿತ್ತು.
ಪೈಪಿನ ಬಾಯಿಗೆ ಮುರಕಲ್ಲಿನ ಚೂರು ಬಿಟ್ಟು
ಕಿವಿ ಇಟ್ಟ. ಕಾದ.
ಸದ್ದು ಬರಲಿಲ್ಲವೋ, ಅವನ ಕಿವಿಯೇ ಹೋಗಿತ್ತೋ.
"ಬಾಯಿ ಮಾತ್ರ ಉಂಟು ಇದಕ್ಕೆ. ಹೊಟ್ಟೆ ಇಲ್ಲ."
ಹುಡುಗನ ಪಕ್ಕ ಕೂತು ಎಲೆಯ ಚೀಲ ಬಿಚ್ಚಿದ.
ಇವನಿಗೆ ತಮಿಳು ಬಾರದು, ಅವನಿಗೆ ತುಳು.
ಸುಣ್ಣ ಮಾತ್ರ ಅತ್ತ ಇತ್ತ ಹೋಯಿತು.

ಹತ್ತನೆಯ ದಿನ ಲಾರಿ ಹೊರಟಿತು.

ಜೋಕಿಂ ಮಾಷ್ಟ್ರು ಬೇಳದ ಸಿಮಿತ್ರಿಯಲ್ಲಿದ್ದಾರೆ,
ಆರಡಿ ಕೆಳಗೆ, ಅಷ್ಟೆ, ಹೆಚ್ಚು ಆಳವಿಲ್ಲ.
ಇಲ್ಲಿಂದ ಕೂ ಎಂದರೆ ಕೇಳೀತು.
ಆಚಾರಿ ಕುಳಿಯ ಬದಿಯಲ್ಲೇ ಇದ್ದ, ಮಾಷ್ಟ್ರೇ,
ಕುಕ್ಕುರುಗಾಲಲ್ಲಿ, ಕೈಯಲ್ಲಿ ಹಗ್ಗ ಹಿಡಿದು,
ಒಂಬತ್ತು ದಿನವೂ.
ರಾತ್ರಿ ನಮ್ಮ ಜಗಲಿಯಲ್ಲಿ ಮಲಗುತ್ತಿದ್ದ.
ಕುಚ್ಚಲಕ್ಕಿಯ ಅನ್ನ ಅವನಿಗೆ ಸೇರಲಿಲ್ಲ.