ಓದಿಲ್ಲ ವೆರ್ಜೆ

ಹೆಸರಿನಲ್ಲೇ ತಪ್ಪು ಬಿತ್ತು.
ಓದಿಲ್ ವೆರ್ಜೆ ಎಂದು ಬರೆದುಕೊಟ್ಟಿದ್ದರು ಕ್ರಾಸ್ತ ಮಾಸ್ತರರು.
ಕುಂಬಳೆ ಪ್ರೆಸ್ಸಿನ ಐತಪ್ಪಣ್ಣ ಮೊಳೆ ಜೋಡಿಸುವಾಗ
ಇದೆಂಥ ಅರ್ಧ ಹೆಸರು ಪಾಪ ಎಂದು
ಕೊನೆಗೊಂದು ಒತ್ತು ದಾನ ಮಾಡಿದ.
ಐನೂರು ರಕ್ಷಾಪುಟಗಳ ಮೇಲೆ
ಓದಿಲ್ಲ ವೆರ್ಜೆ.

ಮಾಸ್ತರರು ಬೇಳದವರು.
ಮಾಹೆಯಲ್ಲಿ ಫ್ರೆಂಚರ ಬಾವುಟ ಇಳಿಯುವವರೆಗೂ
ಸುಂಕದ ಕಟ್ಟೆಯಲ್ಲಿ ಗುಮಾಸ್ತರು, ಆಮೇಲೆ ಇಲ್ಲಿ ಲೆಕ್ಕದ ಮಾಸ್ತರರು.
ಊರಿಗೆ ತಂದದ್ದು ಎರಡೇ:
ಸಕ್ಕರೆ ಕಾಯಿಲೆ, ಬೆನ್ನು ಹರಿದ ಒಂದು ಕಾದಂಬರಿ.
ಹನ್ನೊಂದು ವರ್ಷ ಕೂತು ಕನ್ನಡ ಮಾಡಿದರು.
ಅಚ್ಚಾಗಿ ಬಂದದ್ದು ಅರುವತ್ತೈದರ ಸೆಪ್ಟೆಂಬರಿನಲ್ಲಿ,
ರೇಡಿಯೋ ತುಂಬ ಟ್ಯಾಂಕುಗಳು.
ಯಾರು ಕೊಳ್ಳುತ್ತಾರೆ ಆಗ,
ಗುಂಡಿ ಹೊಲಿಯಲಾರೆ ಎಂದ ಹೆಂಗಸಿನ ಪುಸ್ತಕ?

ಅವಳ ಬದುಕು ಮುನ್ನುಡಿಯಲ್ಲಿ ಒಂದೂವರೆ ಪುಟ.
ಗಡಿಯೂರು. ಅಜ್ಜಿಯ ಮಾತು ಜರ್ಮನ್, ಅಂಗಡಿಯ ಮಾತು ಫ್ರೆಂಚ್,
ಬೈಗಳು ಎರಡರಲ್ಲೂ.
ಹತ್ತೊಂಬತ್ತಕ್ಕೆ ಸಮವಸ್ತ್ರದ ಕಾರ್ಖಾನೆ,
ಸಿಪಾಯಿಗಳ ಕೋಟಿಗೆ ಗುಂಡಿ ಹಾಕುವ ಕೆಲಸ.
ಒಂದು ಮಂಗಳವಾರ
ಒಗೆದು ಬಂದ ಹಳೆ ಕೋಟುಗಳ ಕಟ್ಟು ಬಿಚ್ಚಿದರೆ
ತಾನೇ ಹೊಲಿದ ಗುಂಡಿ, ತನ್ನದೇ ಗಂಟು,
ಪಕ್ಕದಲ್ಲಿ ಬೆರಳು ತೂರುವಷ್ಟು ತೂತು.
(ಗುಂಡು, ಗುಂಡಿ, ಗುಂಡಿಗೆ: ಕನ್ನಡದಲ್ಲಿ ಮೂರೂ ನೆರೆಮನೆಯವು
ಎಂದು ಮಾಸ್ತರರ ಅಡಿಟಿಪ್ಪಣಿ.)
ಸೂಜಿಯನ್ನು ಮೇಜಿಗೆ ಚುಚ್ಚಿ ಎದ್ದಳು.
ಒಂಬತ್ತು ತಿಂಗಳು ಜೈಲು.
ಬಸುರಿಯ ಲೆಕ್ಕ ಎಂದಳಂತೆ. ಹೆತ್ತದ್ದು ಇದನ್ನು,
ಕೋಟಿನ ಅಳತೆಯ ಕಾಗದಗಳ ಹಿಂಬದಿಯಲ್ಲಿ.
ಆಮೇಲೆ ಇನ್ನಾರು ಕಾದಂಬರಿ, ಇನ್ನೊಂದು ಯುದ್ಧ,
ಸ್ವಂತ ತಮ್ಮ ಮಾತು ಬಿಟ್ಟ.
ಸತ್ತಾಗ ಪೆಟ್ಟಿಗೆಗೆ ಹೆಗಲು ಕೊಟ್ಟವರಲ್ಲಿ
ಇಬ್ಬರು ಗಡಿಯಾಚೆಯವರು.
ಉಳಿದದ್ದು ಮಾಸ್ತರರಿಗೂ ಗೊತ್ತಿರಲಿಲ್ಲ.

ಕಟ್ಟು ಬಿಚ್ಚದ ನಾನ್ನೂರ ಎಪ್ಪತ್ತು ಪ್ರತಿ
ತೂಕಕ್ಕೆ ಬಂದವು ಅಮ್ಮನ ಬೀಡಿ ಶೆಡ್ಡಿಗೆ,
ಕಟ್ಟುಗಳಿಗೆ ಸುತ್ತಲು.
ಅಲ್ಲಿ ಮೂವತ್ತೆರಡು ಹೆಂಗಸರು, ಓದಿ ಹೇಳಲು ಒಬ್ಬ ಹುಡುಗ,
ಮೊಗ್ರಾಲಿನ ಅದ್ರಾಮ;
ಅವನ ಪಾಲಿನ ಬೀಡಿ ಇವರೇ ಸುತ್ತಿಕೊಡುವುದು.
ಬೆಳಿಗ್ಗೆ ಪೇಪರು. ಊಟದ ಮೇಲೆ ಪೇಪರು ಮುಗಿದು
ಕೈಗೆ ಸಿಕ್ಕಿದ್ದು ಇದು.
ಕನ್ನಡದಲ್ಲಿ ಓದುವನು, ಹಿಂದೆಯೇ ಮಲಯಾಳದಲ್ಲಿ ಹೇಳುವನು,
ತುಳುವಿಗೆ ತಲುಪುವಾಗ ಸ್ವಲ್ಪ ತಡ,
ಆ ಮೂಲೆಯಲ್ಲಿ ನಗು ಕೊನೆಗೆ.
ಸೂಜಿ ಚುಚ್ಚಿ ಎದ್ದಲ್ಲಿ ಮಾತ್ರ
ಕತ್ತರಿಗಳೆಲ್ಲ ಒಟ್ಟಿಗೇ ನಿಂತವು.

ಅಮ್ಮ ಕೇಳಿದಳು: ಬರೆದವಳ ಹೆಸರೆಂತ?
ಓದಿಲ್ಲ.
ಹಾಗಾದರೆ ನಮ್ಮವಳೇ.

ಎರಡು ಮಳೆ ಕಳೆದು
ಕಂಟ್ರಾಟುದಾರ ಹೊಸ ಲೇಬಲು ತಂದ, ಕೋವಿ ಮಾರ್ಕು.
ಕೆಂಪು ಸೂರ್ಯ, ಅದರೆದುರು ಗುರಿ ಹಿಡಿದ ಸಿಪಾಯಿ.
ಅಮ್ಮ ಎಲೆ ಕತ್ತರಿಸಿದಳು, ಸುತ್ತಿದಳು, ನೂಲು ಕಟ್ಟಿದಳು,
ಲೇಬಲು ಅಂಟಿಸಲಿಲ್ಲ.
ಪಕ್ಕದ ಕುಞ್ಞಿಬಿಯೂ ಅಂಟಿಸಲಿಲ್ಲ.
ತಟ್ಟೆಯಲ್ಲಿ ಮೈದಾದ ಅಂಟು ಒಣಗಿ ಬಿರಿಯಿತು.
ಯಾಕೆಂದು ಅವನು ಕಿರುಚಿದರೆ
ನಾನು ಗುಂಡಿ ಹೊಲಿಯುದಿಲ್ಲ, ಎಂದಳು.
ಎಂಥ ಗುಂಡಿ, ಯಾವ ಗುಂಡಿ, ಅವನಿಗೆ ತಲೆಬುಡ ಹತ್ತಲಿಲ್ಲ.
ಇಬ್ಬರದೂ ಹತ್ತು ದಿನದ ಕೂಲಿ ಹೋಯಿತು.
ಆ ವಾರ ನಮ್ಮ ಗಂಜಿಗೆ ಉಪ್ಪಿನಕಾಯಿಯ ರಸ ಮಾತ್ರ,
ಮಿಡಿ ಇಲ್ಲ.
ಲೇಬಲು ಬೇರೆ ಶೆಡ್ಡಿನವರು ಅಂಟಿಸಿದರು.
ಬೀಡಿ ಚೆನ್ನಾಗಿಯೇ ಮಾರಿತು.

ಅವಳ ಊರಿನಲ್ಲಿ ಅವಳ ಹೆಸರಿನ ಬೀದಿ ಇದೆಯೋ ಏನೋ.
ನನ್ನಲ್ಲಿ ಒಂದು ಪ್ರತಿ ಇದೆ.
ನೂರ ಹದಿಮೂರರಿಂದ ಹದಿನಾರು ಪುಟ ಇಲ್ಲ,
ಯಾರೋ ಸೇದಿ ಎಸೆದ ಕಟ್ಟಿನ ಸುತ್ತ ಹೋಗಿವೆ.
ಅಲ್ಲಿ ಏನಿತ್ತೆಂದು ಅಮ್ಮನಿಗೆ ಬಾಯಿಪಾಠ,
ಕೇಳಿದಾಗಲೆಲ್ಲ ಸ್ವಲ್ಪ ಬೇರೆ.
ಮೊನ್ನೆ ಹೇಳುವಾಗ
ಜೈಲಿನ ಗೋಡೆಯ ಹೊರಗೆ ಶಿರಿಯ ಹೊಳೆ ಇತ್ತು,
ಕಾವಲಿನವನಿಗೆ ತುಳು ಬರುತ್ತಿತ್ತು.